ಉಗುರ ಸಿಬಿರಿನಿಂದ ಹಂತಕನವರೆಗೆ: ಒಂದು ತಿಗಣೆ ವಂಶದ ಹೆಸರಿನ ಜಾಡು

ಕ್ರಿ.ಪೂ. 80ರಲ್ಲಿ ರೋಮ್ ನಗರದಲ್ಲೊಂದು ಕೊಲೆ ಮೊಕದ್ದಮೆ ನಡೆಯಿತು. ಹೆತ್ತ ತಂದೆಯನ್ನೇ ಕೊಂದ ಆರೋಪ ಸೆಕ್ಸ್‌ಟಸ್ ರೋಸಿಯಸ್ ಎಂಬವನ ಮೇಲಿತ್ತು. ಅವನ ಪರವಾಗಿ ನಿಂತವನು ಇಪ್ಪತ್ತಾರರ ಹರೆಯದ ಸಿಸೆರೊ. ವಾದದ ನಡುವೆ ದಾರಿ ತಪ್ಪುತ್ತಿದ್ದೇನೆ ಎನ್ನಿಸಿ ಅವನು ತನ್ನನ್ನೇ ಗದರಿಕೊಳ್ಳುತ್ತಾನೆ. ಕಕ್ಷಿದಾರನ ತಲೆ ಉಳಿಸಬೇಕಾದವನು ಉಗುರ ಬದಿಯ ಸಿಬಿರಿಗೆ ಮದ್ದು ಹಚ್ಚುತ್ತ ಕೂತಿದ್ದೇನಲ್ಲ ಎಂಬರ್ಥದ ಮಾತು ಅದು. ಆ ಸಿಬಿರಿಗೆ ಅವನು ಬಳಸಿದ ಲ್ಯಾಟಿನ್ ಪದ ‘ರೆಡುವಿಯ’.

ಹದಿನೆಂಟೂವರೆ ಶತಮಾನ ಕಳೆದ ಮೇಲೆ ಆ ಪದ ಒಂದು ತಿಗಣೆಗೆ ಹೆಸರಾಯಿತು, ಆಮೇಲೆ ತಿಗಣೆಗಳ ಒಂದು ದೊಡ್ಡ ವಂಶಕ್ಕೇ ಹೆಸರಾಯಿತು. ಇಂಗ್ಲಿಷಿನಲ್ಲಿ ಈ ವಂಶದವನ್ನು ಅಸಾಸಿನ್ ಬಗ್ ಎನ್ನುತ್ತಾರೆ, ಅಂದರೆ ಹಂತಕ ತಿಗಣೆ. ವಿಜ್ಞಾನದ ಪುಸ್ತಕಗಳಲ್ಲಿ ಇವು ರೆಡುವಿಯಿಡೆ, ಬಾಯಿಮಾತಿನಲ್ಲಿ ರೆಡುವಿಡ್. ಸುಮಾರು 7000 ಪ್ರಭೇದಗಳಿಗೆ ಈವರೆಗೆ ಹೆಸರಿಟ್ಟಿದ್ದಾರೆ. ಕೊಲೆಯ ಮೊಕದ್ದಮೆಯಲ್ಲಿ ಕೇಳಿಬಂದ ಪದ ಹಂತಕನ ಹೆಸರಾದದ್ದು ಕಾಕತಾಳೀಯ. ಆದರೆ ಉಗುರ ಸಿಬಿರಿಗೂ ಬೇಟೆಯಾಡುವ ತಿಗಣೆಗೂ ಏನು ನಂಟು? ಆ ಹೆಸರು ಇಂದು ಯಾರನ್ನು ಒಳಗೆ ಬಿಟ್ಟುಕೊಳ್ಳುತ್ತದೆ, ಯಾರನ್ನು ಹೊರಗಿಡುತ್ತದೆ? ಎರಡು ಪ್ರಶ್ನೆಗೂ ಒಂದಕ್ಕಿಂತ ಹೆಚ್ಚು ಉತ್ತರಗಳಿವೆ.

ಮುಖವಾಡದ ಹುಳು

ಕತೆ ಶುರುವಾಗುವುದು ಯುರೋಪಿನ ಮನೆಗಳ ಮೂಲೆಯಲ್ಲಿ. ಅಲ್ಲಿ ಒಂದು ಕಪ್ಪು ತಿಗಣೆಯಿದೆ. ಅದರ ಮರಿ ಮೈಯೆಲ್ಲ ಅಂಟು ಮಾಡಿಕೊಂಡು ದೂಳು, ಮರಳಿನ ಕಣ, ಬಟ್ಟೆಯ ನವಿರು ಎಲ್ಲವನ್ನೂ ಮೆತ್ತಿಕೊಳ್ಳುತ್ತದೆ. ಅಲುಗದೆ ಕೂತರೆ ಕಸದ ಉಂಡೆ, ಅಲುಗಿದರೆ ನಡೆಯುವ ಕಸದ ಉಂಡೆ. 1758ರಲ್ಲಿ ಲಿನೇಯಸ್ ಇದಕ್ಕೆ ಕೊಟ್ಟ ಹೆಸರು ಸೈಮೆಕ್ಸ್ ಪರ್ಸೊನೇಟಸ್, ಎಂದರೆ ಮುಖವಾಡ ಹಾಕಿದ ತಿಗಣೆ. ಇದು ಹಾಸಿಗೆಯ ತಿಗಣೆಗಳನ್ನು ತಿನ್ನುತ್ತದೆಂದೂ ಅವನು ಬರೆದ. ಅವನ ಲೆಕ್ಕದಲ್ಲಿ ಹಾಸಿಗೆಯ ತಿಗಣೆಯೂ ಸೈಮೆಕ್ಸ್, ಅದನ್ನು ತಿನ್ನುವ ಇದೂ ಸೈಮೆಕ್ಸ್. ನಾವೂ ಕನ್ನಡದಲ್ಲಿ ಮಾಡುವುದು ಅದನ್ನೇ. ಮಂಚದ ಸಂದಿಯಲ್ಲಿದ್ದರೂ ತಿಗಣೆ, ಹತ್ತಿಯ ಕಾಯಿ ಹೀರಿದರೂ ತಿಗಣೆ, ಭತ್ತದ ಹಾಲು ಹೀರಿದರೂ ತಿಗಣೆ.

ಆ ದೊಡ್ಡ ಮೂಟೆಯನ್ನು ಬಿಚ್ಚಿದವನು ಲಿನೇಯಸ್‌ನ ಶಿಷ್ಯ, ಡೆನ್ಮಾರ್ಕಿನ ಯೊಹಾನ್ ಕ್ರಿಶ್ಚಿಯನ್ ಫ್ಯಾಬ್ರಿಸಿಯಸ್. ರೆಕ್ಕೆಗಿಂತ ಬಾಯಿಯನ್ನು ನೋಡಿ ಕೀಟಗಳನ್ನು ವಿಂಗಡಿಸಬೇಕೆಂಬುದು ಅವನ ಹಟ. 1775ರ ‘ಸಿಸ್ಟೆಮಾ ಎಂಟೊಮೊಲೊಜಿಯೆ’ಯಲ್ಲಿ ಅವನು ಮುಖವಾಡದ ತಿಗಣೆಯನ್ನು ಸೈಮೆಕ್ಸ್‌ನಿಂದ ಹೊರತೆಗೆದು ಹೊಸ ಕುಲ ಕಟ್ಟಿದ. ಅದೇ ರೆಡುವಿಯಸ್.

ಒಂದು ಸಿಬಿರಿಗೆ ಮೂರು ಅರ್ಥ

ಲ್ಯಾಟಿನ್ ನಿಘಂಟುಗಳಲ್ಲಿ ರೆಡುವಿಯಕ್ಕೆ ಎರಡು ಅರ್ಥ. ಮೊದಲನೆಯದು ಸಿಸೆರೊ ಬಳಸಿದ್ದು, ಉಗುರಿನ ಅಂಚಿನಲ್ಲಿ ಕಿತ್ತು ನಿಂತ ಚರ್ಮ. ಎರಡನೆಯದು ಚೂರುಪಾರು, ಉಳಿಕೆ. ಮೊಸಳೆಯ ಬಾಯಿಗೆ ಹೋಗಿ ಹಲ್ಲ ಸಂದಿಯ ಆಹಾರ ಹೆಕ್ಕುವ ಹಕ್ಕಿಯ ಕತೆ ಹೇಳುವಾಗ ಸೊಲೈನಸ್ ಎಂಬ ಹಳೆಯ ಲೇಖಕ ಆ ಉಳಿಕೆಗೆ ಇದೇ ಪದ ಬಳಸಿದ್ದಾನೆ. ವಿವಾದ ಹುಟ್ಟುವುದು ಇಲ್ಲಿಂದಲೇ.

ಸಿಬಿರಿನ ಪಕ್ಷದವರು ತಿಗಣೆಯ ಹೊಟ್ಟೆಯನ್ನು ತೋರಿಸುತ್ತಾರೆ. ಈ ವಂಶದ ಅನೇಕ ತಿಗಣೆಗಳಲ್ಲಿ ಹೊಟ್ಟೆಯ ಅಂಚು ರೆಕ್ಕೆಯಾಚೆಗೆ ಚಾಚಿ, ಮೇಲಕ್ಕೆ ಸ್ವಲ್ಪ ಮಡಿಚಿ ನಿಂತಿರುತ್ತದೆ. ಉಗುರ ಬದಿಯಲ್ಲಿ ಎದ್ದ ಚರ್ಮದ ಹಾಗೆ ಎಂದರೆ ಹೌದೆನ್ನಬಹುದು. ಇಂದು ಹೆಚ್ಚಾಗಿ ಸಿಗುವ ವಿವರಣೆ ಇದೇ. ತೊಡಕೆಂದರೆ, ಮುಖವಾಡದ ತಿಗಣೆಯಲ್ಲಿ ಈ ಅಂಚು ಎದ್ದು ಕಾಣುವಂಥದ್ದಲ್ಲ. ಹೆಸರಿಟ್ಟವನ ಕಣ್ಣ ಮುಂದಿದ್ದ ಹುಳಕ್ಕಿಂತ ಆಮೇಲೆ ಸಿಕ್ಕ ನೆಂಟರಿಗೆ ಈ ವಿವರಣೆ ಚೆನ್ನಾಗಿ ಒಪ್ಪುತ್ತದೆ.

ಉಳಿಕೆಯ ಪಕ್ಷಕ್ಕೆ ಮರಿಯೇ ಸಾಕ್ಷಿ. ಕಸಕಡ್ಡಿ ಹೊತ್ತು ತಿರುಗುವ ಜೀವಕ್ಕೆ ಚೂರುಪಾರು ಎಂಬ ಹೆಸರು ಸಹಜವಾಗಿ ಕೂರುತ್ತದೆ. ಇದೇ ವಂಶದ ಪೂರ್ವ ಆಫ್ರಿಕಾದ ಅಕಾಂಥಾಸ್ಪಿಸ್ ಪೆಟಾಕ್ಸ್ ಇನ್ನೂ ಒಂದು ಹೆಜ್ಜೆ ಮುಂದೆ. ತಾನು ಹೀರಿ ಬಿಸುಟ ಇರುವೆಗಳ ಹೆಣಗಳನ್ನೇ ಗೊಂಚಲು ಮಾಡಿ ಬೆನ್ನ ಮೇಲೆ ಹೊರುತ್ತದೆ. ನೆಗೆಯುವ ಜೇಡಗಳು ಈ ಹೊರೆ ಹೊತ್ತ ಮರಿಗಳ ಮೇಲೆ ಎರಗುವುದು ಕಡಿಮೆ ಎಂದು 2007ರಲ್ಲಿ ಪ್ರಕಟವಾದ ಪ್ರಯೋಗ ತೋರಿಸಿತು. ಉಂಡುಳಿದದ್ದೇ ರಕ್ಷಾಕವಚ.

ಮೂರನೆಯ ದಾರಿ ವ್ಯಾಕರಣದ್ದು. ಹಾವು, ಕೀಟಗಳು ಕಳಚಿದ ಪೊರೆಗೆ ಲ್ಯಾಟಿನ್‌ನಲ್ಲಿ ಎಕ್ಸುವಿಯೆ, ತೊಟ್ಟ ಬಟ್ಟೆಗೆ ಇಂಡುವಿಯೆ. ರೆಡುವಿಯ ಇವೆರಡರ ಒಡಹುಟ್ಟು, ತೊಡುವುದು ಕಳಚುವುದು ಎಂಬ ಧಾತುವಿನಿಂದ ಬಂದದ್ದು. ಹೀಗೆ ಓದಿದರೆ ಸಿಬಿರು, ಉಳಿಕೆ ಎರಡೂ ಒಂದೇ ಬೇರಿನವು, ಮೈಯಿಂದ ಸುಲಿದು ಬಂದವು. ಲಿನೇಯಸ್ ಮುಖವಾಡ ಕಂಡಲ್ಲಿ ಶಿಷ್ಯ ತೊಡುಗೆ ಕಂಡ ಎಂದಾಗುತ್ತದೆ. ವಾದ ಚಂದವಿದೆ. ಚಂದ ತುಸು ಹೆಚ್ಚೇ ಆಯಿತೆಂಬುದು ನನ್ನ ಗುಮಾನಿ. ಮೂಲಧಾತು ಹುಡುಕುವವರಿಗೆ ಎಲ್ಲ ಬೀಗಕ್ಕೂ ಒಂದೇ ಕೀಲಿಕೈ ಸಿಕ್ಕಂತೆ ಅನಿಸುವುದುಂಟು.

ಈ ಮೂರೂ ಪಕ್ಷದವರು ಅಷ್ಟಾಗಿ ಎತ್ತಿ ಹೇಳದ ಸಂಗತಿಯೊಂದಿದೆ. ಇದೇ ಫ್ಯಾಬ್ರಿಸಿಯಸ್ 1778ರಲ್ಲಿ ‘ಫಿಲೊಸೊಫಿಯಾ ಎಂಟೊಮೊಲೊಜಿಕಾ’ ಎಂಬ ಗ್ರಂಥ ಬರೆದ. ಏನೂ ಅರ್ಥವಿಲ್ಲದ ಹೆಸರೇ ಎಲ್ಲಕ್ಕಿಂತ ಒಳ್ಳೆಯ ಹೆಸರು ಎಂಬುದು ಅಲ್ಲಿ ಅವನು ಸಾರಿದ ನಿಯಮ. ಲಕ್ಷಣ ನೋಡಿ ಹೆಸರಿಟ್ಟರೆ, ಮುಂದೆ ಆ ಲಕ್ಷಣವಿಲ್ಲದ ಹುಳು ಅದೇ ಕುಲಕ್ಕೆ ಸೇರಿದಾಗ ಹೆಸರು ಸುಳ್ಳಾಗುತ್ತದೆ. ಇಂಥ ನಿಲುವಿನವನು ರೆಡುವಿಯ ಎಂಬ ಪದವನ್ನು ಅದರ ಕಿರುತನಕ್ಕೋ ಸದ್ದಿಗೋ ಮೆಚ್ಚಿ ಎತ್ತಿಕೊಂಡಿರಬಹುದು. ನಾನು ಈ ನಾಲ್ಕನೆಯ ಪಕ್ಷಕ್ಕೇ ಸೇರಿದವನು. ಕಸದ ಮರಿಯನ್ನು ನೆನೆದಾಗ ಮಾತ್ರ ಎರಡನೆಯದರ ಕಡೆಗೆ ಮನಸ್ಸು ವಾಲುತ್ತದೆ.

ಅರ್ಥವಿರುವ ಹೆಸರು ಹೇಗೆ ಕೈಕೊಡುತ್ತದೆ ಎಂಬುದಕ್ಕೆ ಇದೇ ವಂಶದಲ್ಲಿ ಒಳ್ಳೆಯ ಉದಾಹರಣೆಯಿದೆ. 1832ರಲ್ಲಿ ಫ್ರಾನ್ಸಿನ ಲಾಪೋರ್ಟ್ ಒಂದು ಕುಲಕ್ಕೆ ಟ್ರಯಾಟೊಮ ಎಂದು ಹೆಸರಿಟ್ಟ. ಅವನ ಕೈಯಲ್ಲಿದ್ದ ಹುಳುವಿನ ಮೀಸೆ ಮುರಿದಿತ್ತು. ನಾಲ್ಕು ಗಿಣ್ಣಿನಲ್ಲಿ ಉಳಿದದ್ದು ಮೂರು. ಆ ಮೂರನ್ನೇ ನಂಬಿ ‘ತ್ರಿ’ ಸೇರಿಸಿಬಿಟ್ಟ. ಮರುವರ್ಷ ತಪ್ಪು ತಿಳಿದು ಕೊನೊರೈನಸ್ ಎಂಬ ಬೇರೆ ಹೆಸರು ಕೊಟ್ಟರೂ ಪ್ರಯೋಜನವಾಗಲಿಲ್ಲ. ಮೊದಲು ಬಂದ ಹೆಸರಿಗೇ ಪಟ್ಟ ಎಂಬುದು ಪ್ರಾಣಿಶಾಸ್ತ್ರದ ಕಾನೂನು. ಮುರಿದ ಮೀಸೆಯ ಹೆಸರೇ ಇಂದಿಗೂ ಚಾಲ್ತಿಯಲ್ಲಿದೆ.

ಪಾಂಡುವಿನಿಂದ ಪಾಂಡವರು

ಕುಲದ ಹೆಸರು ವಂಶದ ಹೆಸರಾದದ್ದು 1807ರಲ್ಲಿ, ಫ್ರಾನ್ಸಿನ ಲಾತ್ರೇಯ್ ಅವನಿಂದ. ಪ್ರಾಣಿಗಳ ಕುಟುಂಬದ ಹೆಸರಿನ ಕೊನೆಗೆ ಬರುವ ‘ಇಡೆ’ ಗ್ರೀಕ್ ಮೂಲದ್ದು. ಇಂಥವನ ಸಂತತಿ ಎಂದು ಅದರರ್ಥ. ಪಾಂಡುವಿನ ಮಕ್ಕಳು ಪಾಂಡವರು, ಕುರುವಿನ ವಂಶದವರು ಕೌರವರು ಆದಂತೆ ರೆಡುವಿಯಸ್‌ನ ಬಳಗ ರೆಡುವಿಯಿಡೆ. ಮೂಲಪದ ‘ರೆಡುವಿ’, ಪ್ರತ್ಯಯ ‘ಇಡೆ’. ಹಾಗಾಗಿ ರೋಮನ್ ಲಿಪಿಯಲ್ಲಿ ನಡುವೆ ಎರಡು ‘ಇ’ ಬರಲೇಬೇಕು. ಒಂದನ್ನು ನುಂಗುವುದು ಪ್ರಬಂಧಗಳಲ್ಲಿಯೂ ಕಾಣುವ ತಪ್ಪು. ಕನ್ನಡದಲ್ಲಿ ‘ರೆಡುವಿಡೆ’ ಎಂದು ಬರೆಯುವವರು ಇದೇ ತಪ್ಪನ್ನು ಅನುವಾದಿಸುತ್ತಿದ್ದಾರೆ.

ಈ ಮನೆಯೊಳಗೆ ಯಾರಿರಬೇಕು ಎಂಬ ಜಗಳ ಇಂದಿಗೂ ಮುಗಿದಿಲ್ಲ. ಹೂವಿನಲ್ಲಿ ಹೊಂಚಿ ಕೂತು ಜೇನುಹುಳ ಹಿಡಿಯುವ ಗಿಡ್ಡ ತಿಗಣೆಗಳು, ದಾರದಷ್ಟು ಸಣ್ಣ ಕಾಲಿನವು, ಇವೆಲ್ಲ ಬಹುಕಾಲ ಪ್ರತ್ಯೇಕ ವಂಶಗಳೆಂಬ ಎಣಿಕೆಯಲ್ಲಿದ್ದವು. ಈಗ ಎಲ್ಲವೂ ರೆಡುವಿಯಿಡೆಯ ಒಳಮನೆಗಳು. ಒಳಮನೆಗಳ ಹೆಸರನ್ನು ಕೇಳಿದರೆ ಪೊಲೀಸ್ ಠಾಣೆಯ ದಾಖಲೆ ಓದಿದಂತಾಗುತ್ತದೆ: ಗ್ರೀಕಿನ ಕಡಲ್ಗಳ್ಳನಿಂದ ಪೈರೇಟಿನೆ, ದರೋಡೆಕೋರನಿಂದ ಹಾರ್ಪಾಕ್ಟೊರಿನೆ.

ಡಿಎನ್‌ಎ ಓದುವ ಕಾಲ ಬಂದ ಮೇಲೆ ಮಾತು ತಿರುಗಿತು. ಅಮೆರಿಕದ ಕ್ರಿಸ್ಟಿಯಾನ್ ವೈರಾಖ್ ಮತ್ತು ಸಂಗಡಿಗರು ವಂಶವೃಕ್ಷವನ್ನು ಹೊಸದಾಗಿ ಬರೆದರು. 2012ರಲ್ಲಿ ಬಂದ ಅವರ ಅಂದಾಜಿನಂತೆ ವಂಶದ ಹುಟ್ಟು ಡೈನೊಸಾರ್‌ಗಳ ಕಾಲದ್ದು, ಸುಮಾರು 18 ಕೋಟಿ ವರ್ಷ ಹಿಂದಿನದು. ವಂಶ ಒಂದೇ ಎಂಬುದು ಗಟ್ಟಿಯಾಯಿತು. ಆದರೆ ವಂಶಕ್ಕೆ ಹೆಸರು ಕೊಟ್ಟ ರೆಡುವಿಯಸ್ ಇರುವ ಒಳಮನೆ, ಹಳೆಯ ಅರ್ಥದ ರೆಡುವಿಯಿನೆ, ಒಂದೇ ಕವಲಲ್ಲ ಎಂದು ಬಯಲಾಯಿತು. ಬೇರೆಲ್ಲೂ ಸೇರದವನ್ನು ಹಾಕಿಡುವ ಅಟ್ಟವಾಗಿತ್ತು ಅದು. ಯಜಮಾನನ ಹೆಸರಿನ ಕೋಣೆಯಲ್ಲೇ ಅತಿ ಹೆಚ್ಚು ಅಪರಿಚಿತರು ವಾಸವಾಗಿದ್ದರು.

ಡಾಕ್ಟರರ ರೆಡುವಿಡ್, ತೋಟದವರ ರೆಡುವಿಡ್

ಗೊಂದಲ ಹೆಚ್ಚಿರುವುದು ಬಳಕೆಯಲ್ಲಿ. ವೈದ್ಯಕೀಯ ವಿದ್ಯಾರ್ಥಿಗೆ ರೆಡುವಿಡ್ ಬಗ್ ಎಂದರೆ ದಕ್ಷಿಣ ಅಮೆರಿಕದ ಚಾಗಸ್ ಕಾಯಿಲೆ ಹರಡುವ ರಕ್ತಪಾನಿ. ಅದೇ ಊರಿನ ಕೃಷಿ ಕಾಲೇಜಿನ ವಿದ್ಯಾರ್ಥಿಗೆ ರೆಡುವಿಡ್ ಎಂದರೆ ಕಂಬಳಿಹುಳು ಕೊಲ್ಲುವ ರೈತಮಿತ್ರ. ಇಬ್ಬರೂ ಪರೀಕ್ಷೆಯಲ್ಲಿ ಪಾಸಾಗುತ್ತಾರೆ.

ಡಾಕ್ಟರರ ಬಳಕೆಗೂ ಚರಿತ್ರೆಯಿದೆ. 1835ರ ಮಾರ್ಚಿನಲ್ಲಿ ಅರ್ಜೆಂಟೀನದ ಮೆಂಡೋಸಾ ಬಳಿಯ ಲುಹಾನ್ ಹಳ್ಳಿಯಲ್ಲಿ ರಾತ್ರಿ ಕಳೆದ ಚಾರ್ಲ್ಸ್ ಡಾರ್ವಿನ್‌ನ ಮೇಲೆ ದೊಡ್ಡ ಕಪ್ಪು ತಿಗಣೆಗಳು ಹರಿದಾಡಿದವು. ಸ್ಥಳೀಯರು ಅದನ್ನು ಕರೆಯುತ್ತಿದ್ದ ಹೆಸರಿನ ಜೊತೆ, ಅದು ರೆಡುವಿಯಸ್‌ನ ಒಂದು ಪ್ರಭೇದ ಎಂದೂ ಡಾರ್ವಿನ್ ಬರೆದಿಟ್ಟ. ಆಗಿನ್ನೂ ಫ್ಯಾಬ್ರಿಸಿಯಸ್‌ನ ಕುಲ ಅಷ್ಟು ಅಗಲವಾಗಿತ್ತು. ಮುಂದೆ ಇಕಿಕೆಯಲ್ಲಿ ಹಿಡಿದ ಒಂದಕ್ಕೆ ಡಾರ್ವಿನ್ ಪಯಣಿಸುತ್ತಿದ್ದ ಹಡಗಿನ ಅಧಿಕಾರಿಯೊಬ್ಬ ಬೆರಳು ಕೊಟ್ಟನಂತೆ. ಆ ಒಂದೂಟದಲ್ಲೇ ಹುಳು ನಾಲ್ಕು ತಿಂಗಳು ಕೊಬ್ಬಿತ್ತು.

ಬ್ರೆಜಿಲಿನ ಲಸ್ಸಾನ್ಸಿಯಲ್ಲಿ ಕಾರ್ಲೋಸ್ ಚಾಗಸ್ ಮೊದಲು ಹುಳುವಿನ ಕರುಳಲ್ಲಿ ಪರೋಪಜೀವಿಯನ್ನು ಕಂಡ, ಆಮೇಲೆ 1909ರಲ್ಲಿ ರೋಗಿಯನ್ನು. ರೋಗ ಹರಡುವುದು ಕಡಿತದಿಂದಲ್ಲ, ಕಚ್ಚಿದಲ್ಲೇ ಹುಳು ಹಾಕುವ ಹಿಕ್ಕೆ ಗಾಯಕ್ಕೋ ಕಣ್ಣಿಗೋ ತಗಲಿದಾಗ. ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜಿನಲ್ಲಿ ಸೋಂಕಿತರು 60ರಿಂದ 70 ಲಕ್ಷ. ಇಷ್ಟು ದೊಡ್ಡ ರೋಗದ ವಾಹಕವಾದದ್ದರಿಂದ ವೈದ್ಯಲೋಕಕ್ಕೆ ವಂಶದ ಹೆಸರೇ ಈ ಚಿಕ್ಕ ಗುಂಪಿನ ಹೆಸರಾಯಿತು. ನಿಜಕ್ಕೂ ರಕ್ತ ಹೀರುವ ಟ್ರಯಾಟೊಮಿನೆ ಗುಂಪಿನಲ್ಲಿರುವುದು ನೂರೈವತ್ತರ ಆಸುಪಾಸಿನ ಪ್ರಭೇದಗಳು ಮಾತ್ರ. 7000ದ ವಂಶದಲ್ಲಿ ಅದು ನೂರಕ್ಕೆ ಎರಡರ ಲೆಕ್ಕ. ನೂರರಲ್ಲಿ ಇಬ್ಬರು ಮಾಡಿದ್ದಕ್ಕೆ ಇಡೀ ಮನೆತನದ ಹೆಸರು ಕೆಟ್ಟಿದೆ.

ನಮ್ಮ ಕಡೆಯೂ ಈ ಗುಮಾನಿ ಬಂದಿತ್ತು. ಇಲಿ ಇರುವ ಮನೆಗಳಲ್ಲಿ ಕಾಣುವ, ಕೆಂಪಂಚಿನ ಟ್ರಯಾಟೊಮ ರುಬ್ರೊಫ್ಯಾಸಿಯೇಟ ಕಾಳಾ ಅಜಾರ್ ರೋಗ ಹರಡುತ್ತಿರಬಹುದು ಎಂದು ಮದರಾಸಿನ ಚಾರ್ಲ್ಸ್ ಡೊನೊವನ್ 1909ರ ಹೊತ್ತಿಗೆ ಶಂಕಿಸಿದ್ದ. ಆ ಆರೋಪ ನಿಲ್ಲಲಿಲ್ಲ. ಮರಳುನೊಣವೇ ಅಪರಾಧಿ ಎಂದು 1942ರಲ್ಲಿ ಖಚಿತವಾಯಿತು. ಭಾರತದಲ್ಲಷ್ಟೇ ಇರುವ ರಕ್ತಪಾನಿ ತಿಗಣೆಗಳ ಒಂದು ಕುಲವೂ ಇದೆ, ಲಿನ್ಶ್‌ಕೊಸ್ಟಿಯಸ್. 1904ರಲ್ಲಿ ಇದನ್ನು ವಿವರಿಸಿದ ಡಿಸ್ಟಂಟ್ ಮೊದಲ ಪ್ರಭೇದಕ್ಕೆ ಕಾರ್ನಿಫೆಕ್ಸ್ ಎಂದ. ಲ್ಯಾಟಿನ್‌ನಲ್ಲಿ ಅದು ತಲೆ ಕಡಿಯುವವನ ಹೆಸರು. 1979ರಲ್ಲಿ ಸೇರಿದ ಇನ್ನೊಂದರ ಹೆಸರು ಕಾಲಿ.

ತೋಟದವರ ಕಡೆಯ ಕತೆ ಬೇರೆ. ತಮಿಳುನಾಡಿನ ಪಾಳಯಂಕೋಟೆಯ ಸಂತ ಕ್ಷೇವಿಯರ್ ಕಾಲೇಜಿನ ಡನ್ಸ್‌ಟನ್ ಆಂಬ್ರೋಸ್ ಇವುಗಳ ಮೇಲೆ ದಶಕಗಟ್ಟಲೆ ದುಡಿದು 1999ರಲ್ಲಿ ದೊಡ್ಡ ಗ್ರಂಥವನ್ನೇ ತಂದರು. ಶೇಂಗಾ, ಹತ್ತಿಯ ಎಲೆ ತಿನ್ನುವ ಹುಳುಗಳ ಮೇಲೆ ರೈನೊಕೊರಿಸ್ ಮಾರ್ಜಿನೇಟಸ್ ಎಂಬ ಪ್ರಭೇದದ ಪ್ರಯೋಗಗಳು ನಡೆದವು. ನಮ್ಮ ಪುತ್ತೂರಿನ ಗೇರು ಸಂಶೋಧನಾ ನಿರ್ದೇಶನಾಲಯದಲ್ಲಿ ಗೇರಿನ ಟೀ ಸೊಳ್ಳೆಯನ್ನು ಬೇಟೆಯಾಡುವ ಸೈಕಾನಸ್, ಎಪಿಡಾಸ್ ಮುಂತಾದವನ್ನು ಸಾಕಿ ನೋಡಿದ್ದಾರೆ. (ಟೀ ಸೊಳ್ಳೆಯೂ ಸೊಳ್ಳೆಯಲ್ಲ, ತಿಗಣೆಯೇ. ಹೆಸರಿನ ಹಾದಿ ಹಿಡಿದರೆ ಇಂಥ ಗುಂಡಿಗಳು ಹೆಜ್ಜೆಗೊಂದು.) ಅಡ್ಡಿಗಳೂ ಇವೆ. ಸಾಕುಡಬ್ಬಿಯಲ್ಲಿ ಇವು ಒಂದನ್ನೊಂದು ತಿನ್ನುತ್ತವೆ. ಹೊಲಕ್ಕೆ ಬಿಟ್ಟರೆ ಕೀಡೆ ಯಾವುದು, ಜೇನುಹುಳ ಯಾವುದು ಎಂದು ಕೇಳುವುದಿಲ್ಲ.

ಹಂತಕ, ಚುಂಬಕ, ಕ್ಷೌರಿಕ

ಅಸಾಸಿನ್ ಎಂಬ ಪದ ಯುರೋಪಿಗೆ ಹೋದದ್ದು ಶಿಲುಬೆಯ ಯುದ್ಧಗಳ ಕಾಲದಲ್ಲಿ, ಪರ್ಷಿಯ ಮತ್ತು ಸಿರಿಯದ ನಿಜಾರಿ ಪಂಥದವರಿಗೆ ಹಗೆಗಳು ಅಂಟಿಸಿದ ಬೈಗುಳದಿಂದ. ರಾಜಕಾರಣಕ್ಕೋ ಹಣಕ್ಕೋ ಹೊಂಚಿ ಕೊಲ್ಲುವವನು ಎಂಬ ಅರ್ಥ ಅದಕ್ಕೆ ಆಮೇಲೆ ಗಟ್ಟಿಯಾಯಿತು. ಆ ಹೆಸರು ತಿಗಣೆಗೆ ಅಂಟಿದ ಮೇಲೆ ಕತೆಗಳೂ ಅಂಟಿಕೊಂಡವು. ಬುಖಾರದ ಅಮೀರ 1842ರಲ್ಲಿ ಕೊಲ್ಲಿಸಿದ ಸ್ಟೊಡಾರ್ಟ್, ಕೊನೊಲಿ ಎಂಬ ಬ್ರಿಟಿಷ್ ಅಧಿಕಾರಿಗಳನ್ನು ಅದಕ್ಕೂ ಮುಂಚೆ ಹುಳುಗಳ ಗುಂಡಿಗೆ ತಳ್ಳಿದ್ದ. ಆ ಹುಳುಗಳು ಹಂತಕ ತಿಗಣೆಗಳೇ ಎನ್ನುವವರಿದ್ದಾರೆ, ಉಣ್ಣಿಗಳು ಎನ್ನುವವರೂ ಇದ್ದಾರೆ.

ಅಮೆರಿಕದಲ್ಲಿ 1899ರ ಬೇಸಿಗೆಯಲ್ಲಿ ಪತ್ರಿಕೆಗಳು ಎಬ್ಬಿಸಿದ ಭೀತಿಯಲ್ಲಿ ‘ಮುತ್ತಿಡುವ ತಿಗಣೆ’ ಎಂಬ ಹೆಸರು ಮನೆಮಾತಾಯಿತು. ತುಟಿಯ ಮೇಲೆ ಏನೇ ಕಚ್ಚಿದರೂ ದೂರು ಇದರ ಮೇಲೆ. ಸರ್ಕಾರಿ ಕೀಟಶಾಸ್ತ್ರಜ್ಞ ಎಲ್. ಒ. ಹೊವಾರ್ಡ್ ಗುಲ್ಲು ತಣಿಸಲು ಪೂರ್ತಿ ಲೇಖನವನ್ನೇ ಬರೆಯಬೇಕಾಯಿತು. ಬ್ರೆಜಿಲಿನಲ್ಲಿ ರಕ್ತಪಾನಿಗೆ ಬಾರ್ಬೇರೊ, ಅಂದರೆ ಕ್ಷೌರಿಕ. ಮುಖದ ಮೇಲೆ ಕೆಲಸ ಮಾಡುವುದರಿಂದ ಎಂದು ಕೆಲವರು, ಹಿಂದಿನ ಕ್ಷೌರಿಕರು ನೆತ್ತರು ತೆಗೆಯುತ್ತಿದ್ದುದರಿಂದ ಎಂದು ಕೆಲವರು. ಜರ್ಮನರಿಗೆ ಇವು ದರೋಡೆ ತಿಗಣೆ, ಚೀನೀಯರಿಗೆ ಬೇಟೆ ತಿಗಣೆ, ರಷ್ಯನ್ನರಿಗೆ ಬರಿಯ ಬೇಟೆಗಾರರು.

ಹಂತಕ ಎಂಬ ಮಾತನ್ನು ಸಮರ್ಥಿಸುವವರು ಕೊಲ್ಲುವ ಬಗೆಯನ್ನು ಮುಂದಿಡುತ್ತಾರೆ. ಹೊಂಚಿ ಕೂತು, ಸೊಂಡಿಲು ಚುಚ್ಚಿ ವಿಷ ಹರಿಸಿ, ಒಳಗನ್ನು ಕರಗಿಸಿ ಹೀರುತ್ತದೆ. ಆಸ್ಟ್ರೇಲಿಯದ ಒಂದು ಪ್ರಭೇದ ಜೇಡನ ಬಲೆಯನ್ನು ಮೀಟಿ, ಸಿಕ್ಕಿಬಿದ್ದ ನೊಣದಂತೆ ನಟಿಸಿ, ಜೇಡನನ್ನೇ ಕರೆಸಿ ತಿನ್ನುತ್ತದೆ. ಇದಕ್ಕಿಂತ ಹಂತಕತನ ಬೇಕೇ? ಅವರ ಮಾತಿನಲ್ಲಿ ಹುರುಳಿದೆ. ಆದರೆ ಹಂತಕ ಕೊಂದವನನ್ನು ತಿನ್ನುವುದಿಲ್ಲ. ಆಸ್ಟ್ರೇಲಿಯದಲ್ಲೇ ಇನ್ನೊಂದು ಪ್ರಭೇದದ ಮೇಲೆ 2018ರಲ್ಲಿ ಬಂದ ಅಧ್ಯಯನ ತೋರಿಸಿದಂತೆ ಅದರ ಎರಡು ಗ್ರಂಥಿಗಳಲ್ಲಿ ಎರಡು ಬಗೆಯ ವಿಷವಿದೆ. ಒಂದು ಬೇಟೆಯನ್ನು ನಿಶ್ಚಲಗೊಳಿಸುತ್ತದೆ, ಇನ್ನೊಂದು ಮೈಮೇಲೆ ಬಂದವರಿಂದ ಪಾರಾಗಲು ಎಂದು ಸಂಶೋಧಕರ ಅಭಿಪ್ರಾಯ. ಊಟ ಮತ್ತು ಆತ್ಮರಕ್ಷಣೆ. ಎರಡೂ ಕೊಲೆಗಡುಕನ ಕಸುಬಲ್ಲ.

ಕನ್ನಡದಲ್ಲಿ ಏನೆನ್ನೋಣ

ಹಂತಕ ತಿಗಣೆ, ಕೊಲೆಗಡುಕ ತಿಗಣೆ ಎಂಬ ಕನ್ನಡ ರೂಪಗಳು ಇಂಗ್ಲಿಷ್ ಹೆಸರಿನ ನೆರಳುಗಳು. ನೆರಳಿಗೆ ನೆರಳು ಹಾಕುವುದರಲ್ಲಿ ನಮಗೆ ಅಭ್ಯಾಸ ಚೆನ್ನಾಗಿದೆ. ಇಂಗ್ಲಿಷಿನಲ್ಲಿ ಮರಿ ಕೀಟಕ್ಕೆ ಗ್ರೀಕ್ ದೇವಕನ್ಯೆಯ ಹೆಸರು ಇದೆಯೆಂದು ನಮ್ಮ ಕೃಷಿ ಸಾಹಿತ್ಯ ಅದನ್ನು ‘ಅಪ್ಸರೆ’ ಮಾಡಿತು. ಹೀಗಾಗಿ ಅಪ್ಸರೆಗಳು ಎಲೆಯ ರಸ ಹೀರುತ್ತವೆ ಎಂಬ ವಾಕ್ಯವನ್ನು ಕರಪತ್ರದಲ್ಲಿ ಓದಿ ರೈತರು ನಕ್ಕದ್ದುಂಟು. ಕಸ ಹೊತ್ತ ಮುಖವಾಡದ ತಿಗಣೆಯ ಮರಿಯನ್ನು ಅಪ್ಸರೆ ಎನ್ನಲು ನನಗಂತೂ ಬಾಯಿ ಬರುವುದಿಲ್ಲ.

ಇಡೀ ವಂಶಕ್ಕೆ ಅರ್ಥದ ಹಂಗಿಲ್ಲದ ರೆಡುವಿಯಿಡೆಯನ್ನೇ ಇಟ್ಟುಕೊಳ್ಳುವುದು ವಾಸಿ. ಹೊಲ, ತೋಟದಲ್ಲಿರುವವಕ್ಕೆ ಬೇಟೆ ತಿಗಣೆ ಎನ್ನೋಣ. ನೆತ್ತರು ಹೀರುವ ಗುಂಪಿಗೆ ಟ್ರಯಾಟೊಮ ಎಂಬ ಅದರದೇ ಹೆಸರಿದೆ, ಮುರಿದ ಮೀಸೆಯದಾದರೂ ಸರಿ. ಚಾಗಸ್ ಪಾಠದಲ್ಲಿ ಬರಿಯ ರೆಡುವಿಡ್ ಎನ್ನುವುದನ್ನು ಮಾತ್ರ ಬಿಡಬೇಕು.

ಇತ್ಯರ್ಥವಾಗದೆ ಉಳಿದವು

ಫ್ಯಾಬ್ರಿಸಿಯಸ್‌ನ ಮನಸ್ಸಿನಲ್ಲಿ ಸಿಬಿರಿತ್ತೋ ಕಸವಿತ್ತೋ ಏನೂ ಇರಲಿಲ್ಲವೋ ಎಂಬುದು ಒಂದು. ರಕ್ತ ಹೀರುವ ಚಟ ಈ ವಂಶದಲ್ಲಿ ಒಮ್ಮೆ ಹುಟ್ಟಿತೋ ಹಲವು ಬಾರಿಯೋ, ಅಂದರೆ ಟ್ರಯಾಟೊಮಿನೆ ಎಂಬುದು ಒಂದೇ ಕವಲೋ ಎಂಬುದು ಇನ್ನೊಂದು. ಭಾರತದ ಲಿನ್ಶ್‌ಕೊಸ್ಟಿಯಸ್‌ನ ಪೂರ್ವಜರು ಅಮೆರಿಕದ ನೆಂಟರಿಂದ ಕವಲೊಡೆದು ಇಲ್ಲಿಗೆ ಬಂದದ್ದು ಯಾವಾಗ, ಹೇಗೆ ಎಂಬುದು ಅದಕ್ಕೇ ಹೆಣೆದುಕೊಂಡ ಪ್ರಶ್ನೆ. ಹಳೆಯ ರೆಡುವಿಯಿನೆಯ ಅಟ್ಟ ಖಾಲಿ ಮಾಡಿದ ಮೇಲೆ ಅಲ್ಲಿದ್ದವರಿಗೆಲ್ಲ ಕೊಡುವ ಹೊಸ ಮನೆಗಳು ಎಷ್ಟು ಕಾಲ ನಿಲ್ಲುತ್ತವೆ ಎಂಬುದೂ ಇದೆ.

ಈ ಮಧ್ಯೆ ನಿಮ್ಮ ಹಿತ್ತಲಿನ ಎಲೆಯ ಮೇಲೆ ಉದ್ದ ಕತ್ತಿನ, ಕೆಂಪು ಕಪ್ಪು ಬಣ್ಣದ ತಿಗಣೆ ಕಂಡರೆ ಬರಿಗೈಯಲ್ಲಿ ಹಿಡಿಯಬೇಡಿ, ಚುಚ್ಚಿದರೆ ಉರಿ ಜೋರು. ಪಕ್ಕದಿಂದ ಬಗ್ಗಿ ಸೊಂಡಿಲು ನೋಡಿ. ಮೂರು ಗಿಣ್ಣಿನ ಮೊಂಡು ಸೊಂಡಿಲು ಬಿಲ್ಲಿನಂತೆ ಬಾಗಿ ಎದೆಯಡಿಗೆ ಮಡಿಚಿದ್ದರೆ ಅದು ಬೇಟೆ ತಿಗಣೆ. ನೆಟ್ಟಗೆ ಸಪೂರವಾಗಿದ್ದರೆ ಟ್ರಯಾಟೊಮ ಇರಬಹುದು, ಮನೆಯಲ್ಲಿ ಇಲಿ ಇದೆಯೇ ಎಂದು ನೋಡಿ.